ಪೊನ್ಸೆಯ ಹಿತ್ತಲಲ್ಲಿ ಕಸಾಬೆ: ಮಣ್ಣಿನ ಕಾವಲಿ, ಕಲ್ಲು ಹಲ್ಲಿನ ತುರಿಮಣೆ, ಹೆಣೆದ ಹಿಂಡುಚೀಲ

ಸದ್ಯದ ಸ್ಥಿತಿ ಮೊದಲೇ ಹೇಳಿಬಿಡುತ್ತೇನೆ. ಕಾವಲಿ ಸಿದ್ಧವಾಗಿದೆ, ಮೂರು ಕಲ್ಲಿನ ಒಲೆಯ ಮೇಲೆ ಕೂತು ಕೆಲಸ ಮಾಡುತ್ತಿದೆ. ತುರಿಮಣೆಯೂ ನಡೆಯುತ್ತದೆ, ಆಗಾಗ ಹಲ್ಲು ಉದುರಿಸುತ್ತದೆ. ಹಿಂಡುಚೀಲ ಮಾತ್ರ ಇನ್ನೂ ತಕರಾರು ಮಾಡುತ್ತಿದೆ.

ಮಾಡಲು ಹೊರಟಿದ್ದು ಕಸಾಬೆ, ಅಂದರೆ ತಾಯಿನೊ ಜನರ ಮರಗೆಣಸಿನ ರೊಟ್ಟಿ. 1492ರಲ್ಲಿ ಕೊಲಂಬಸ್ ಬಂದಾಗ ಕ್ಯೂಬಾ, ಹಿಸ್ಪಾನಿಯೋಲ, ಜಮೈಕಾ, ಪೋರ್ಟೊ ರಿಕೊ, ಬಹಾಮಾಸ್ ದ್ವೀಪಗಳಲ್ಲಿ ಬಾಳುತ್ತಿದ್ದವರು ಇವರೇ. ಮರಗೆಣಸಿಗೆ ಇಲ್ಲಿ ಇವತ್ತಿಗೂ ಯೂಕಾ ಅಂತಲೇ ಹೆಸರು. ಕೆಲಸದ ನಿಮಿತ್ತ ಪೋರ್ಟೊ ರಿಕೊದ ಪೊನ್ಸೆಯಲ್ಲಿದ್ದೇನೆ. ಊರಿನ ಉತ್ತರಕ್ಕೆ ಸ್ವಲ್ಪ ದೂರದಲ್ಲಿ ತಿಬೆಸ್ ಎಂಬ ಪುರಾತನ ನೆಲೆ ಇದೆ. 1975ರ ಎಲೊಯಿಸ್ ಚಂಡಮಾರುತದ ನೆರೆ ಮಣ್ಣು ಕೊಚ್ಚಿದ ಮೇಲೆ ಅಲ್ಲಿನ ಕಲ್ಲು ಹಾಸಿನ ಅಂಗಳಗಳು ಬೆಳಕಿಗೆ ಬಂದವು. ಬೆಟ್ಟದ ಮೇಲೆ ಉತುವಾದೊದಲ್ಲಿ ಕಾಗ್ವಾನಾ ಇದೆ, ಸಾಲು ಸಾಲು ಚೆಂಡಾಟದ ಅಂಗಳಗಳೂ ಕಲ್ಲಿನ ಮೇಲೆ ಕೊರೆದ ಮುಖಗಳೂ ಇರುವ ಜಾಗ. ಇಂಥ ನೆಲೆಗಳ ವಸ್ತುಗಳನ್ನಿಟ್ಟ ಮ್ಯೂಸಿಯಂಗಳಿಗೆ ಹೋದವರೆಲ್ಲ ಗಾಜಿನ ಹಿಂದೆ ದಪ್ಪ, ಚಪ್ಪಟೆ, ಕಂದು ಬಣ್ಣದ ಮಡಕೆ ಚೂರು ನೋಡಿರುತ್ತಾರೆ, ನೋಡಿ ಮುಂದೆ ಹೋಗಿರುತ್ತಾರೆ. ಅದು ಬುರೆನ್, ಕಸಾಬೆ ಸುಡುವ ಮಣ್ಣಿನ ಕಾವಲಿ. ನಾನು ಶುರು ಮಾಡಿದ್ದು ಅದರಿಂದ. ಕಷ್ಟ ಇರುವುದು ಅಲ್ಲೇ ಅಂದುಕೊಂಡಿದ್ದೆ.

ಖರ್ಚು, ಡಾಲರ್‌ಗಳಲ್ಲಿ: ಕೆಂಪು ಜೇಡಿಮಣ್ಣು 11 ಕೆ.ಜಿ.ಯ ಎರಡು ಚೀಲ 48, ಇದ್ದಿಲು 12, ಚಕಮಕಿ ಕಲ್ಲು 18, ಪೈನ್ ರಾಳ ಮತ್ತು ಜೇನುಮೇಣ 20, ಹಲಗೆ 15, ಮೊದಲ ಸಲದ ಯೂಕಾ 23. ಒಟ್ಟು 136. ಬಿದಿರು, ಸೌದೆ, ಒಲೆಗಲ್ಲು, ಹೊಳೆ ಮರಳು ಪುಕ್ಕಟೆ.

ಹಂತ 1: ಬುರೆನ್ ತಟ್ಟುವುದು

ಮಣ್ಣು ಮೂರು ಪಾಲು, ಮರಳು ಒಂದು ಪಾಲು. ಮರಳು ಹೊಳೆಯದ್ದೇ ಆಗಬೇಕು. ಸಮುದ್ರ ದಂಡೆಯ ಮರಳಲ್ಲಿ ಉಪ್ಪೂ ಚಿಪ್ಪಿನ ಪುಡಿಯೂ ಇರುತ್ತವೆ. ಜೋರಾಗಿ ಸುಟ್ಟರೆ ಚಿಪ್ಪು ಸುಣ್ಣವಾಗುತ್ತದೆ, ಆಮೇಲೆ ಗಾಳಿಯ ತೇವ ಹೀರಿ ಉಬ್ಬಿ ಮಡಕೆಯ ಮೈ ಸಿಡಿಸುತ್ತದೆ. ಬಹಾಮಾಸ್‌ನ ಲುಕಾಯೊ ಜನರಿಗೆ ಒಳ್ಳೆಯ ಮರಳು ಸಿಗದೆ ಚಿಪ್ಪನ್ನೇ ಪುಡಿ ಮಾಡಿ ಮಣ್ಣಿಗೆ ಬೆರೆಸುತ್ತಿದ್ದರು. ಅವರ ಕೈಗೆ ಉರಿಯ ಅಂದಾಜು ಇತ್ತು, ನನಗಿಲ್ಲ.

ಬಿಲ್ಲೆಯ ಅಗಲ ಎಷ್ಟಿರಬೇಕು ಅನ್ನುವುದನ್ನು ಇತಿಹಾಸ ತೀರ್ಮಾನಿಸಲಿಲ್ಲ, ಅಡುಗೆಮನೆಯ ಓವನ್ ತೀರ್ಮಾನಿಸಿತು. ಸುಡುವ ಮೊದಲು ಪೂರ್ತಿ ಒಣಗಿಸಲು ಅದರೊಳಗೆ ಇಡಬೇಕಿತ್ತು, ಒಳಗಿನ ಆಳ 43 ಸೆಂ.ಮೀ. ಮಾತ್ರ. ಹಸಿ ಬಿಲ್ಲೆ 45 ಸೆಂ.ಮೀ. ತಟ್ಟಿದರೆ ಒಣಗಿ 41ಕ್ಕೆ ಇಳಿಯುತ್ತದೆ.

ಮೊದಲ ಬಿಲ್ಲೆಯ ದಪ್ಪ 28 ಮಿ.ಮೀ. ದಪ್ಪಗಿದ್ದರೆ ಗಟ್ಟಿ ಅನ್ನುವ ಲೆಕ್ಕ. ಅದನ್ನು ಸಿಮೆಂಟ್ ಶೀಟಿನ ಮೇಲೆ ತಟ್ಟಿದ್ದೆ. ಅಂಚು ಬೇಗ ಒಣಗಿ ಕುಗ್ಗಿತು, ನಡುಭಾಗ ಶೀಟಿಗೆ ಅಂಟಿಕೊಂಡು ಕುಗ್ಗಲೊಲ್ಲದೆ ಕೂತಿತು. ಅಂಚಿನಿಂದ ಒಳಕ್ಕೆ ಒಂದು ಗೇಣು ಬಿರುಕು. ಬಿರುಕಿಗೆ ಮಣ್ಣು ಮೆತ್ತುವುದರಲ್ಲಿ ಅರ್ಥವಿಲ್ಲ, ಒಣಗಿದ ಮೇಲೆ ಅದೇ ಗೆರೆಯಲ್ಲಿ ಮತ್ತೆ ಬಾಯಿ ಬಿಡುತ್ತದೆ. ನೀರಲ್ಲಿ ನೆನೆಹಾಕಿ ಮತ್ತೆ ಕಲಸಿದೆ.

ಮುಂದಿನದು 22 ಮಿ.ಮೀ. ದಪ್ಪ, ಅಡಿಗೆ ಬೆರಳು ದಪ್ಪ ಮರಳ ಹಾಸು. ಮರಳ ಮೇಲೆ ಬಿಲ್ಲೆ ತಾನಾಗಿ ಜಾರಿ ಕುಗ್ಗುತ್ತದೆ. ಅಂಚಿಗೆ ಮಾತ್ರ ಒದ್ದೆ ಬಟ್ಟೆ ಸುತ್ತಿ, ನಡುವೆ ಬಿಟ್ಟು, ನೆರಳಲ್ಲಿ ಇಟ್ಟೆ. ಮೇಲ್ಮೈ ಚರ್ಮದ ಹದಕ್ಕೆ ಬಂದಾಗ ನಯವಾದ ಹೊಳೆಗಲ್ಲಿನಿಂದ ಉಜ್ಜಿದೆ. ಒಣಗಿದ ಮೇಲೆ ತಿರುವಿ ನೋಡಿದರೆ ಮೇಲೆ ಕನ್ನಡಿಯಂಥ ನಯ, ಕೆಳಗೆ ಮರಳಿನ ಒರಟು. ಹಳೆಯ ಚೂರುಗಳಲ್ಲೂ ಹೀಗೇ ಒಂದು ಮುಖ ನಯ, ಇನ್ನೊಂದು ಒರಟು. ಅಡಿಭಾಗ ಯಾರಿಗೂ ಕಾಣುವುದಿಲ್ಲ ಅಂತ ಹಾಗೇ ಬಿಟ್ಟಿರಬೇಕು ಅಂದುಕೊಂಡಿದ್ದೆ. ಈಗ ನೋಡಿದರೆ, ಒಣಗುವಾಗ ಜಾರಲಿ ಅಂತ ಏನಾದರೂ ಹಾಸಿದರೆ ಅಡಿ ಹೀಗಲ್ಲದೆ ಬೇರೆ ಥರ ಆಗಲು ಸಾಧ್ಯವೇ ಇಲ್ಲ.

ಹಂತ 2: ಸುಡುವುದು

ಕೆರಿಬಿಯನ್ ಗಾಳಿಯಲ್ಲಿ ಮಣ್ಣು ಒಣಗಿದೆ ಅಂತ ಕಂಡರೂ ಒಳಗೆ ತೇವ ಇರುತ್ತದೆ. ಅದನ್ನು ತಿಳಿಸಿಕೊಟ್ಟದ್ದು ಒಂದು ಪರೀಕ್ಷೆಯ ಬಿಲ್ಲೆ. ಉರಿಗೆ ಹಾಕಿ ಸ್ವಲ್ಪ ಹೊತ್ತಿಗೇ ಪಟಾಕಿಯಂತೆ ಸಿಡಿದು ಅಂಗೈ ಅಗಲದ ಚಕ್ಕೆ ಹಾರಿಸಿತು. ಕನ್ನಡಕ ಹಾಕಿಕೊಂಡೇ ಉರಿಯ ಹತ್ತಿರ ಹೋಗಿ.

ಅಸಲಿ ಬಿಲ್ಲೆಯನ್ನು ಓವನ್‌ನಲ್ಲಿ 95 ಡಿಗ್ರಿಗೆ ಇಡೀ ರಾತ್ರಿ ಇಟ್ಟೆ. ನೂರು ದಾಟಿಸಬಾರದು, ಒಳಗಿನ ನೀರು ಕುದಿಯುತ್ತದೆ. ಬೆಳಿಗ್ಗೆ ಬಿಸಿಬಿಸಿಯಾಗಿಯೇ ಹಿತ್ತಲಿಗೆ ತಂದು, ಮೂರು ಕಲ್ಲಿನ ಮೇಲಿಟ್ಟು, ಸುತ್ತ ಒಂದು ಮಾರು ದೂರದಲ್ಲಿ ಉರಿ ಹಾಕಿದೆ. ಬೆಂಕಿಯನ್ನು ಸ್ವಲ್ಪ ಸ್ವಲ್ಪವೇ ಹತ್ತಿರಕ್ಕೆ ತಳ್ಳುತ್ತ ಬಂದು, ಮೈಯ ಬಿಸಿ 350 ಡಿಗ್ರಿ ದಾಟಿದ ಮೇಲೆ ಸೌದೆಯನ್ನು ಮೇಲೆಯೇ ಒಟ್ಟಿದೆ. ನನ್ನ ಇನ್‌ಫ್ರಾರೆಡ್ ಥರ್ಮಾಮೀಟರ್ 550ಕ್ಕೆ ಕೈಚೆಲ್ಲುತ್ತದೆ. ಅಲ್ಲಿಂದಾಚೆ ಬಣ್ಣವೇ ಲೆಕ್ಕ: ಕತ್ತಲಾಗುವ ಹೊತ್ತಿಗೆ ಬಿಲ್ಲೆ ಮಬ್ಬು ಕೆಂಪಾಗಿ ಕಂಡಿತು. ಹಾಗೇ ಬೂದಿ ಮುಚ್ಚಿ ಬೆಳಗಿನವರೆಗೆ ಮುಟ್ಟಲಿಲ್ಲ.

ಬೆರಳಲ್ಲಿ ತಟ್ಟಿದರೆ ಟಣ್ ಅಂತು. ಒಂದು ಬದಿಯಲ್ಲಿ ಕಪ್ಪು ಹೊಗೆಯ ಕಲೆ, ಅಂಚಿನಲ್ಲಿ ಒಂದು ಕೂದಲೆಳೆಯ ಸೀಳು. ಸೀಳು ಇವತ್ತಿನವರೆಗೆ ಬೆಳೆದಿಲ್ಲ.

ಹಂತ 3: ತುರಿಮಣೆ

ಇದಕ್ಕೆ ಇಲ್ಲಿ ಗುವಾಯೊ ಅನ್ನುತ್ತಾರೆ. ಈಗ ತಗಡಿನದು, ಆಗ ಮರದ ಹಲಗೆಗೆ ಕಲ್ಲಿನ ಚೂಪು ಚೂರು ನೆಟ್ಟದ್ದು. ಗಯಾನಾದ ವೈವೈ ಜನ ಇಂಥದ್ದನ್ನು ನಮ್ಮ ಕಾಲದವರೆಗೂ ಮಾಡಿಕೊಂಡು ಬಂದಿದ್ದಾರೆ, ನಾನು ಅಳತೆಗೆ ನೋಡಿಕೊಂಡಿದ್ದೂ ಅವುಗಳ ಚಿತ್ರಗಳನ್ನೇ.

ಹಲಗೆ 50 x 18 ಸೆಂ.ಮೀ. ಚಕಮಕಿ ಕಲ್ಲನ್ನು ಅಡಿಗಲ್ಲಿನ ಮೇಲೆ ನಿಲ್ಲಿಸಿ ಮೇಲಿಂದ ಬಡಿದರೆ ಚೂರು ಸಿಗುತ್ತದೆ, ಕೌಶಲ ಬೇಕಿಲ್ಲ. ಕೈಗವಸು, ಕನ್ನಡಕ, ಮೂಗಿಗೆ ಮಾಸ್ಕ್ ಬೇಕು, ಕೆಲಸ ಬಯಲಲ್ಲೇ ಆಗಬೇಕು. 5ರಿಂದ 8 ಮಿ.ಮೀ. ಉದ್ದದವನ್ನು ಆರಿಸಿಕೊಂಡೆ. 3 ಮಿ.ಮೀ. ಬಿಟ್‌ನಿಂದ, ಒಂದೂವರೆ ಸೆಂ.ಮೀ. ಅಂತರದಲ್ಲಿ ರಂಧ್ರ ಕೊರೆದೆ. ಡ್ರಿಲ್ ಬಳಸಿದ್ದಕ್ಕೆ ನಾಚಿಕೆಯೇನೂ ಇಲ್ಲ.

ಬರೀ ರಾಳಕ್ಕೆ ಇದ್ದಿಲ ಪುಡಿ ಸೇರಿಸಿ ಹುಯ್ದದ್ದು ಗಾಜಿನಂತೆ ಪೆಡಸಾಯಿತು. ನಾಲ್ಕು ಗೆಡ್ಡೆ ತುರಿಯುವಷ್ಟರಲ್ಲಿ ಹಲ್ಲುಗಳು ಉದುರಿ ತುರಿಯೊಳಗೆ ಸೇರಿದವು. ಆ ತುರಿಯನ್ನು ಪೂರ್ತಿ ಎಸೆದೆ. ಚಕಮಕಿ ಚೂರು ನಾಲಗೆಗೆ ಸಿಕ್ಕಿದರೆ ಬ್ಲೇಡು ಸಿಕ್ಕಿದ ಹಾಗೆಯೇ. ರಾಳ ಕೆರೆದು ತೆಗೆದು, ನಾಲ್ಕು ಪಾಲು ರಾಳಕ್ಕೆ ಒಂದು ಪಾಲು ಜೇನುಮೇಣ ಹಾಕಿ ಮತ್ತೆ ಹುಯ್ದ ಮೇಲೆ ಹಲ್ಲು ನಿಂತವು. ಈಗಲೂ ಒಂದೆರಡು ಉದುರುತ್ತವೆ, ಅದಕ್ಕೇ ತುರಿದದ್ದನ್ನೆಲ್ಲ ಜರಡಿ ಹಿಡಿಯದೆ ಮುಂದಕ್ಕೆ ಹೋಗುವಂತಿಲ್ಲ.

ಇಂಥ ಸಣ್ಣ ಕಲ್ಲು ಚೂರು ಅಗೆತದಲ್ಲಿ ಸಿಕ್ಕಿದರೆ ಮರಗೆಣಸಿನ ತುರಿಮಣೆಯ ಹಲ್ಲು ಅಂತ ಬರೆದುಕೊಳ್ಳುವುದು ಬಹಳ ಕಾಲ ರೂಢಿಯಲ್ಲಿತ್ತು. ವೆನೆಜುವೆಲಾದ ಒರಿನೋಕೊ ಸೀಮೆಯ ಒಂದು ನೆಲೆಯಲ್ಲಿ ಅಂಥ ಚೂರುಗಳಿಗೆ ಅಂಟಿದ್ದ ಪಿಷ್ಟದ ಕಣಗಳನ್ನು ಸೂಕ್ಷ್ಮದರ್ಶಕದಲ್ಲಿ ನೋಡಿದಾಗ ಮುಸುಕಿನ ಜೋಳ ಸಿಕ್ಕಿತು, ಬೇರೆ ಗೆಡ್ಡೆಗಳು ಸಿಕ್ಕವು, ಮರಗೆಣಸು ಸಿಗಲಿಲ್ಲ. ಬುರೆನ್ ಕಥೆಯೂ ಅದೇ. ಪೋರ್ಟೊ ರಿಕೊದ ಪುರಾತತ್ವಜ್ಞ ಹೈಮೆ ಪಗಾನ್ ಹಿಮೆನೆಸ್ ಮತ್ತು ಜೊತೆಗಾರರ ಕೆಲಸದಿಂದ ಕೆರಿಬಿಯನ್ ಕಾವಲಿಗಳ ಮೇಲೆ ಮುಸುಕಿನ ಜೋಳ, ಸಿಹಿಗೆಣಸು, ಕಾಳು, ಗುವಾಯಿಗಾ ಎಂಬ ಕಾಡುಗೆಡ್ಡೆ ಎಲ್ಲವೂ ಬೆಂದದ್ದು ಗೊತ್ತಾಗಿದೆ. ನನ್ನ ಬುರೆನ್ ಮೇಲೂ ಮೊದಲು ಎದ್ದು ಬಂದದ್ದು ಜೋಳದ ಹಿಟ್ಟಿನ ಬಿಲ್ಲೆ, ಕಸಾಬೆಯಲ್ಲ. ಕಾವಲಿ ಇದ್ದ ಮನೆಯಲ್ಲಿ ಒಂದೇ ಅಡುಗೆ ಯಾಕೆ ಮಾಡುತ್ತಾರೆ?

ಹಂತ 4: ಹಿಂಡುಚೀಲ

ಹೆಸರು ಸಿಬುಕಾನ್. ಓರೆಯಾಗಿ ಹೆಣೆದ ಉದ್ದನೆಯ ಕೊಳವೆ. ಮೇಲಿನ ತುದಿ ಮರದ ಕೊಂಬೆಗೆ, ಕೆಳಗಿನ ಕುಣಿಕೆಗೆ ಕಲ್ಲಿನ ಭಾರ ಅಥವಾ ಒಂದು ಗಳು, ಗಳುವಿನ ಮೇಲೆ ಮನುಷ್ಯ. ಎಳೆದಷ್ಟೂ ಕೊಳವೆ ಉದ್ದವಾಗುತ್ತದೆ, ಕಿರಿದಾಗುತ್ತದೆ, ಒಳಗಿನ ತುರಿಯ ರಸ ಸುತ್ತಲೂ ಒಸರುತ್ತದೆ. ಕಹಿ ಜಾತಿಯ ಮರಗೆಣಸಿನಲ್ಲಿ ಸಯನೈಡ್ ಬಿಡುವ ವಸ್ತು ಇರುವುದರಿಂದ ಹೀಗೆ ತುರಿದು, ಹಿಂಡಿ, ಸುಡದೆ ತಿನ್ನುವಂತಿಲ್ಲ. ನಾನು ಕೊಂಡದ್ದು ಮಾರುಕಟ್ಟೆಯ ಸಿಹಿ ಯೂಕಾ. ಕಹಿಯದ್ದನ್ನು ಮನೆಯಲ್ಲಿ ಪ್ರಯೋಗಕ್ಕೆ ತರಬೇಡಿ.

ಮೊದಲದ್ದು ತಾಳೆ ಗರಿಯ ಪಟ್ಟಿಗಳದ್ದು. ನೋಡಲು ಚೆಂದವಿತ್ತು. ಭಾರ ಬಿದ್ದೊಡನೆ ಪಟ್ಟಿಗಳು ಉದ್ದಕ್ಕೆ ಸೀಳಿದವು, ತುರಿ ಹುಲ್ಲಿನ ಮೇಲೆ.

ಇಲ್ಲಿನ ಬೆಟ್ಟದ ರಸ್ತೆಗಳ ಬದಿಯಲ್ಲಿ ಬಿದಿರು ಧಾರಾಳ. ಇದು ಸ್ಪ್ಯಾನಿಷರ ನಂತರ ಹೊರಗಿನಿಂದ ಬಂದದ್ದು, ತಾಯಿನೊಗಳ ಕೈಗೆ ಸಿಕ್ಕಿದ್ದಲ್ಲ. ಈ ಒಂದು ಕಡೆ ನನ್ನ ಸಿಬುಕಾನ್ ಅಸಲಿಯಲ್ಲ, ಅದು ಹಾಗೇ ಇರಲಿ. ಬಿದಿರು ಸೀಳಲು ಬಾರದೆ ಊರಿನ ಅಣ್ಣನಿಗೆ ಫೋನ್ ಮಾಡಿದೆ. ಅವನು ಸಂತೆಯಲ್ಲಿ ಬುಟ್ಟಿ ಮಾರುವ ಮೇದಾರರ ಹಿರಿಯರೊಬ್ಬರ ಕೈಗೆ ಫೋನ್ ಕೊಟ್ಟ. ವಿಡಿಯೊದಲ್ಲಿ ನನ್ನ ಪಟ್ಟಿ ನೋಡಿ ಅವರು ಅಂದರು: "ಎಳೇ ಬಿದ್ರು ತಂದ್ಬುಟ್ಟಿದೀರ ಸ್ವಾಮಿ. ಬಲ್ತಿರೋದ್ ತಗಳಿ, ಗೆಣ್ಣು ದೂರ ದೂರ ಇರ್ಬೇಕು. ಒಳಗಿನ ತಿರುಳೆಲ್ಲ ಕೆರ್ದು ಬಿಸಾಕಿ, ಸಿಪ್ಪೆಗೇ ಬಲ ಇರಾದು. ಹೆಣಿಯಾಗ ಒದ್ದೆ ಆರಬಾರ್ದು."

ಹಾಗೇ ಮಾಡಿದೆ. ಹೊರಸಿಪ್ಪೆ ಮಾತ್ರ, 5 ಮಿ.ಮೀ. ಅಗಲ, ಒಂದು ಮಿ.ಮೀ. ದಪ್ಪ, ರಾತ್ರಿಯಿಡೀ ನೀರಲ್ಲಿ ನೆನೆದದ್ದು. ಎರಡು ಎಳೆ ಮೇಲೆ ಎರಡು ಎಳೆ ಕೆಳಗೆ, ಅಚ್ಚಿಗೆ 9 ಸೆಂ.ಮೀ. ಪಿ.ವಿ.ಸಿ. ಪೈಪು. ಎಲ್ಲ ಪಟ್ಟಿಯೂ ಕೊಳವೆಯ ಉದ್ದಕ್ಕೆ 45 ಡಿಗ್ರಿ ಓರೆಯಲ್ಲಿ ಹೋಗಬೇಕು. ಒಂದು ಪಟ್ಟಿ ಕೊಳವೆಯ ಸುತ್ತ ಅಡ್ಡಕ್ಕೆ ಹೋದರೂ ಅದು ಬಳೆಯಂತೆ ಬಿಗಿದು ಕೊಳವೆ ಕಿರಿದಾಗಲು ಬಿಡುವುದಿಲ್ಲ. ಇದು ಅರ್ಧ ಹೆಣೆದ ಮೇಲೆ ತಿಳಿದದ್ದು, ಬಿಚ್ಚಿ ಹೊಸದಾಗಿ ಹಿಡಿದೆ. ಮುಗಿದಾಗ ಉದ್ದ 90 ಸೆಂ.ಮೀ. ತುಂಬುವಾಗ ಕುಗ್ಗಿಸಿದರೆ 75, ಬಾಯಿ 10 ಸೆಂ.ಮೀ. ದಾಟಿ ತೆರೆದುಕೊಳ್ಳುತ್ತದೆ. ನಾನು ಗಳುವಿನ ಮೇಲೆ ಕೂತಾಗ 106, ಅಡ್ಡಳತೆ 7.

ಮಾವಿನ ಕೊಂಬೆಗೆ ನೇತುಹಾಕಿ ಕೂತೆ. ರಸ ಮೊದಲು ಧಾರೆಯಾಗಿ, ಆಮೇಲೆ ತೊಟ್ಟಾಗಿ ಇಳಿಯಿತು. ಕೆಲಸ ಮಾಡಿತು! ಅಲುಗಾಡದೆ ಕೂರಬೇಕು, ಕುಪ್ಪಳಿಸಿದರೆ ತುರಿ ಎಳೆಗಳ ಸಂದಿಯಲ್ಲಿ ನುಗ್ಗಿ ದಾರಿ ಕಟ್ಟುತ್ತದೆ. ಎರಡನೆಯ ಸಲ ತುಂಬಿದಾಗ ಕೆಳಗಿನ ಕುಣಿಕೆ ಕಿತ್ತು ನಾನು ನೆಲಕ್ಕೆ ಬಿದ್ದೆ. ಕುಣಿಕೆಯ ಬುಡಕ್ಕೆ ಹತ್ತಿ ಹಗ್ಗ ಸುತ್ತಿದ್ದೇನೆ. ತೂಗುಮಂಚಕ್ಕೆ ಹತ್ತಿ ಹಗ್ಗ ಹೊಸೆಯುತ್ತಿದ್ದ ಜನರ ಉಪಕರಣಕ್ಕೆ ಅದು ಹೊಂದುತ್ತದೆ. ಇನ್ನೂ ಪೂರ್ತಿ ಭರವಸೆಯಿಲ್ಲ.

ಇಡೀ ಕೆಲಸದಲ್ಲಿ ಹೆಚ್ಚು ಹೊತ್ತು ತಿಂದದ್ದೂ ಹೆಚ್ಚು ಸಲ ಬಿಚ್ಚಿಸಿದ್ದೂ ಈ ಚೀಲ. ಮಣ್ಣಿನಲ್ಲಿ ಉಳಿಯದೆ ಹೋದದ್ದೂ ಇದೇ. ನೂರಾರು ವರ್ಷ ಕಾದು ಪುರಾತತ್ವಜ್ಞರ ಕೈಗೆ ಬರುವುದು ಕಾವಲಿಯ ಚೂರು, ಕಲ್ಲಿನ ಹಲ್ಲು. ನನ್ನ ಅನುಭವದಲ್ಲಿ ಅವೆರಡೂ ಸುಲಭದ ಅರ್ಧ. ಕ್ಯೂಬಾದ ಉತ್ತರ ಕರಾವಳಿಯ ಲಾಸ್ ಬುಚಿಯೋನೆಸ್‌ನಂತೆ ನೀರಡಿಯ ಕೆಸರಿನಲ್ಲಿ ಮನೆಯ ಕಂಬ, ಮರದ ಸಾಮಾನು ಉಳಿದ ಜಾಗ ತೀರಾ ಅಪರೂಪ. ತಾಯಿನೊ ಅಂದರೆ ಕಲ್ಲೂ ಮಡಕೆಯೂ ಅಂತ ಪ್ರದರ್ಶನ ಮಾಡುವವರು ಪಕ್ಕದಲ್ಲಿ ಒಂದು ಹೆಣೆದ ಚೀಲವನ್ನಾದರೂ ತೂಗುಹಾಕಬೇಕು.

ಹಂತ 5: ಯೂಕಾದಿಂದ ಹಿಟ್ಟಿಗೆ

ಕೊಂಡದ್ದು 7 ಕೆ.ಜಿ. ಸಿಪ್ಪೆ ತೆಗೆದ ಮೇಲೆ 5.5. ತುರಿದು 5.4. ಕಲ್ಲಿನ ಹಲಗೆಯಲ್ಲಿ ಇಷ್ಟನ್ನು ತುರಿಯಲು ಒಂದು ಇಡೀ ಬೆಳಗು ಬೇಕಾಯಿತು, ರಟ್ಟೆ ಮರುದಿನವೂ ಏಳಲಿಲ್ಲ. ಹಿಂಡಿದ ಮೇಲೆ ಸಿಕ್ಕ ಗಟ್ಟಿ 3.9 ಕೆ.ಜಿ., ರಸ ಸುಮಾರು 1.4 ಲೀಟರ್. ರಸವನ್ನು ಬಕೆಟ್ಟಿನಲ್ಲಿ ಬಿಟ್ಟರೆ ಅಡಿಯಲ್ಲಿ ಬೆಳ್ಳನೆ ಪಿಷ್ಟ ಕೂರುತ್ತದೆ, ಒಣಗಿಸಿ ತೂಗಿದರೆ 90 ಗ್ರಾಂ. ನಮ್ಮಲ್ಲಿ ಪಾಯಸಕ್ಕೆ ಹಾಕುವ ಸಬ್ಬಕ್ಕಿ ಇದೇ ಪಿಷ್ಟದ್ದು, ಸೇಲಂ ಕಡೆಯ ಕಾರ್ಖಾನೆಗಳಿಂದ ಬರುತ್ತದೆ. ಮೇಲಿನ ತಿಳಿಯನ್ನು ಚೆಲ್ಲಿದೆ.

ಈ ಹೊತ್ತಿಗೆ ನನಗೆ ಗ್ವಾರಿಯೊನೆಕ್ಸ್ ನೆನಪಾದ. ಹಿಸ್ಪಾನಿಯೋಲದ ಈ ಒಡೆಯನ ಜನರ ಮೇಲೆ ಕೊಲಂಬಸ್ ಚಿನ್ನದ ಕಪ್ಪ ಹೇರಿದ. ನದಿ ಮರಳಲ್ಲಿ ಅಷ್ಟು ಚಿನ್ನ ಸಿಗುವುದಿಲ್ಲ, ಬದಲಿಗೆ ದ್ವೀಪದ ಒಂದು ಕಡಲಿಂದ ಇನ್ನೊಂದು ಕಡಲವರೆಗೆ ನಿಮಗಾಗಿ ಹೊಲ ಮಾಡಿಕೊಡುತ್ತೇವೆ ಅಂತ ಆತ ಕೇಳಿಕೊಂಡದ್ದನ್ನು ಆ ಕಾಲದ ಸ್ಪ್ಯಾನಿಷ್ ಪಾದ್ರಿ ಲಾಸ್ ಕಾಸಾಸ್ ಬರೆದಿದ್ದಾನೆ. ಕೊಲಂಬಸ್ ಒಪ್ಪಲಿಲ್ಲ. ಓದಿದಾಗ ಇದನ್ನು ಜಾಣ ಚೌಕಾಶಿ ಅಂದುಕೊಂಡಿದ್ದೆ. ಐದು ಕೆ.ಜಿ. ತುರಿದು ಹಿಂಡಿದವನಿಗೆ ಆ ಮಾತಿನ ಹಿಂದಿರುವ ದುಡಿಮೆಯ ಗಾತ್ರ ಬೇರೆಯೇ ಕಾಣುತ್ತದೆ. ಅದೇ ಕಸಾಬೆ ತಿಂದುಕೊಂಡೇ ಸ್ಪ್ಯಾನಿಷರು ಮುಂದಿನ ದಂಡಯಾತ್ರೆಗಳಿಗೆ ಹಡಗು ಹತ್ತಿದ್ದು. ತಿಂಗಳುಗಟ್ಟಲೆ ಕೆಡದ ರೊಟ್ಟಿ ಅವರಿಗೆ ಬೇರೆಲ್ಲಿ ಸಿಗುತ್ತಿತ್ತು?

ಹಂತ 6: ಸುಡುವುದು

ಹಿಂಡಿದ ದಿನವೇ ಸುಟ್ಟದ್ದು ಅಂಟಂಟು. ಹಬೆಯಲ್ಲಿ ಬೆಂದು ಗೋಂದಾಗಿ ಕಾವಲಿಗೆ ಹಿಡಿಯಿತು, ಕೆರೆದು ತೆಗೆಯುವಾಗ ನಯವಾದ ಮೈಗೆ ಗೀರು ಬಿತ್ತು. ಮತ್ತೊಂದು ಪಾಲನ್ನು ಬಿಸಿಲಲ್ಲಿ ಒಣಗಿಸಿದೆ. ಅದು ಅತಿಯಾಯಿತು, ಕೂಡಿಕೊಳ್ಳದೆ ಪುಡಿಯಾಗಿ ಉಳಿಯಿತು.

ಹದ ಹೇಳಿಕೊಟ್ಟವರು ಬೇಲಿಯಾಚೆಯ ದೋನ್ಯಾ (ನಮ್ಮ 'ಅಮ್ಮಾವ್ರು' ಇದ್ದ ಹಾಗೆ). ಡೊಮಿನಿಕನ್ ರಿಪಬ್ಲಿಕ್‌ನವರು, ಕಸಾಬೆಗೆ ಹೆಸರಾದ ಮೊನ್ಸಿಯೋನ್ ಕಡೆಯವರು. ಅಲ್ಲೀಗ ತುರಿಯುವುದು ಮೋಟಾರಿನಲ್ಲಿ, ಸುಡುವುದು ಇನ್ನೂ ಸೌದೆ ಒಲೆಯಲ್ಲೇ. ನನ್ನ ಹಿಂಡಿಯನ್ನು ಮುಷ್ಟಿಯಲ್ಲಿ ಹಿಸುಕಿ ನೋಡಿ, "ಮಗನೇ, ಇದು ಇವತ್ತು ಆಗುವ ಕೆಲಸವಲ್ಲ, ರಾತ್ರಿ ಮಲಗಲಿ" ಅಂದರು. ಬಟ್ಟೆ ಮುಚ್ಚಿ ಇಟ್ಟು, ಬೆಳಿಗ್ಗೆ ಗಂಟು ಒಡೆದು ಜರಡಿ ಹಿಡಿದೆ. ನಾರು, ಗಟ್ಟಿ ತುಂಡು, ಮೂರು ಚಕಮಕಿ ಹಲ್ಲು ಜರಡಿಯಲ್ಲಿ ಉಳಿದವು. ಸಿಕ್ಕ ಹಿಟ್ಟು ಮೂರೂವರೆ ಕೆ.ಜಿ. ಮುಷ್ಟಿ ಕಟ್ಟಿದರೆ ಉಂಡೆಯಾಗಬೇಕು, ಹೆಬ್ಬೆರಳು ಒತ್ತಿದರೆ ಒಡೆಯಬೇಕು.

ಕಾವಲಿಯ ನಡುವೆ 190 ಡಿಗ್ರಿ, ಅಂಚಿನಲ್ಲಿ 150. ನೀರಿಲ್ಲ, ಎಣ್ಣೆಯಿಲ್ಲ. ಮೊದಲು ಚಿಟಿಕೆ ಪಿಷ್ಟ ಉದುರಿಸಿ, 400 ಗ್ರಾಂ ಹಿಟ್ಟನ್ನು ಪುಡಿಯಾಗಿಯೇ 38 ಸೆಂ.ಮೀ. ಅಗಲ ಹರಡಿ, ಮರದ ಹಲಗೆಯಿಂದ ಮೆಲ್ಲಗೆ ಒತ್ತಿದೆ. ಅದರ ಒಳಗಿನ ತೇವಕ್ಕೇ ಪಿಷ್ಟ ಕರಗಿ ಕೂಡಿಕೊಳ್ಳುತ್ತದೆ. ನಾಲ್ಕು ನಿಮಿಷಕ್ಕೆ ಅಂಚು ತಾನಾಗಿ ಎದ್ದಿತು. ಅದಕ್ಕೂ ಮೊದಲು ಕೈ ಹಾಕಿದ್ದೆಲ್ಲ ಮುರಿದವು. ತಿರುವಿ ಮತ್ತೆ ಮೂರು ನಿಮಿಷ, ಆಮೇಲೆ ತಂತಿಯ ಮೇಲೆ ಬಿಸಿಲಿಗೆ. ಒಣಗಿದ ಒಂದು ಕಸಾಬೆಯ ತೂಕ 230 ಗ್ರಾಂ ಆಸುಪಾಸು.

ಅಮ್ಮ ವಿಡಿಯೊದಲ್ಲಿ ನೋಡುತ್ತಿದ್ದಳು. "ಉಪ್ಪೂ ಇಲ್ವೇನೋ? ಈ ಚಪ್ಪೆ ರೊಟ್ಟಿಗೆ ಇಷ್ಟೊಂದು ರಗಳೆ ಮಾಡ್ಕೊಂಡ್ಯಾ?" ಚಪ್ಪೆಯೇ, ಹೌದು. ಮೀನಿನ ಸಾರಿಗೆ ಅದ್ದಿದರೆ ಮಾತು ಬೇರೆ.

2024ರ ಡಿಸೆಂಬರ್‌ನಲ್ಲಿ ಯುನೆಸ್ಕೊ ಈ ರೊಟ್ಟಿ ಮಾಡುವ ವಿದ್ಯೆಯನ್ನು ತನ್ನ ಅಮೂರ್ತ ಪರಂಪರೆಯ ಪಟ್ಟಿಗೆ ಸೇರಿಸಿತು, ಕ್ಯೂಬಾ, ಡೊಮಿನಿಕನ್ ರಿಪಬ್ಲಿಕ್, ಹೈಟಿ, ಹೊಂಡುರಾಸ್, ವೆನೆಜುವೆಲಾ ಐದೂ ದೇಶಗಳ ಹೆಸರಲ್ಲಿ. ದೋನ್ಯಾಗೆ ಹೇಳಿದೆ. "ನಮ್ಮಜ್ಜಿಗೆ ಹೇಳಬೇಕಿತ್ತು" ಅಂದು ನನ್ನ ಕಾವಲಿಯ ಗೀರನ್ನು ತೋರಿಸಿ, ಕೆರೆಯಲು ಕಬ್ಬಿಣ ಮುಟ್ಟಿಸಬೇಡ, ತೆಂಗಿನ ಚಿಪ್ಪು ಬಳಸು ಅಂದರು.

ಉಳಿದ ಕೆಲಸ

ಡಬ್ಬಿಗೆ ಹಾಕಿಟ್ಟ ಕಸಾಬೆಗಳಲ್ಲಿ 5 ಮಿ.ಮೀ. ದಪ್ಪದವು ಇನ್ನೂ ಗರಿಗರಿ ಇವೆ. ಸುಮಾರು 9 ಮಿ.ಮೀ. ಬಂದಿದ್ದ ಒಂದರ ನಡುವೆ ಹಸಿರು ಬೂಷ್ಟು ಬಂತು, ಎಸೆದೆ. ಮುಂದಿನ ಸಲ ಒಂದಕ್ಕೆ 350 ಗ್ರಾಂ ಹಿಟ್ಟು ಸಾಕು. ಸಿಬುಕಾನ್‌ಗೆ ಕೆಳಗಿನ ಕುಣಿಕೆಯನ್ನು ಬೇರೆಯಾಗಿ ಕಟ್ಟದೆ, ಮೈಯ ಪಟ್ಟಿಗಳನ್ನೇ ಮುಂದುವರಿಸಿ ಜಡೆ ಹಾಕಿ ಮಡಚಬೇಕು. ಅದಕ್ಕೆ ಪಟ್ಟಿಗಳು ಈಗಿನದಕ್ಕಿಂತ ಒಂದೂವರೆ ಮೊಳ ಉದ್ದ ಬೇಕು, ಅಷ್ಟುದ್ದ ಗೆಣ್ಣು ದೂರವಿರುವ ಬಿದಿರು ಹುಡುಕುತ್ತಿದ್ದೇನೆ.